ಕೊಳಗ, ಮೊಟ್ಟೆ ಮತ್ತೆ 41 ನಿಮಿಷದ ಡಾಕ್ಯುಮೆಂಟರಿ

ಶಿವಮೊಗ್ಗದಲ್ಲಿ ನನ್ನ ಹೊಟ್ಟೆಪಾಡು ಮದುವೆ ವಿಡಿಯೋ. ಅದನ್ನ ಹೇಳ್ಕೊಳೋಕೆ ನಂಗೇನೂ ನಾಚಿಕೆ ಇಲ್ಲ, ಧಾರೆ ಹೊತ್ತಲ್ಲಿ ಯಾರ ಕಣ್ಣಲ್ಲಿ ನೀರು ಬರುತ್ತೆ ಅಂತ ಅರ್ಧ ನಿಮಿಷ ಮೊದಲೇ ಕಂಡುಹಿಡಿಯೋದು ಕಲ್ತಿದ್ದು ಅಲ್ಲೇ. ವರ್ಷಕ್ಕೆ ಒಂದೋ ಎರಡೋ ಡಾಕ್ಯುಮೆಂಟರಿ ಸಿಗುತ್ತೆ, ಜೇನು ತರಬೇತಿ, ಕಾಲುಸಂಕ ಉದ್ಘಾಟನೆ, ಆ ಥರದ್ದು. 2024ರ ಮೇ ತಿಂಗಳಲ್ಲಿ ಒಂದು ಸಂಸ್ಥೆಯಿಂದ ಫೋನ್ ಬಂತು, ಹೆಸರು ಬೇಡ ಬಿಡಿ, ಪೋಲೆಂಡ್‌ನಿಂದ ಒಬ್ಬಳು ಕಲಾವಿದೆ ಬರ್ತಿದಾಳೆ, ಇನ್‌ಸ್ಟಲೇಶನ್ ಮಾಡೋಳು, ಮಲೆನಾಡಲ್ಲಿ ಆರು ವಾರ ಇದ್ದು ಹಸೆ ಚಿತ್ತಾರದವರ ಜೊತೆ ಕೆಲಸ ಮಾಡ್ತಾಳೆ, ಈ 'ಸಾಂಸ್ಕೃತಿಕ ವಿನಿಮಯ'ವನ್ನ ನೀವು ಸಿನಿಮಾ ಮಾಡ್ಕೊಡ್ಬೇಕು ಅಂದ್ರು. ಬಜೆಟ್ ಕೇಳಿದ ಮೇಲೆ ನಾನು ಎರಡನೇ ಸಲ ಯೋಚನೆ ಮಾಡ್ಲಿಲ್ಲ.

ಹಸೆ ಚಿತ್ತಾರ ನೋಡಿರ್ತೀರ. ಸಾಗರ, ಸೊರಬ ಕಡೆ ದೀವರ ಸಮುದಾಯದ ಮನೆಗಳಲ್ಲಿ ಮದುವೆಗೆ ಹೆಣ್ಣು ಗಂಡು ಕೂರೋ ಗೋಡೆಗೆ ಕೆಮ್ಮಣ್ಣು ಬಳಿದು, ನೆನೆಸಿದ ಅಕ್ಕಿ ಅರೆದು ಬಿಳಿ, ಅಕ್ಕಿ ಸುಟ್ಟು ಕಪ್ಪು, ಗುರಿಗೆ ಕಾಯಿಯಿಂದ ಹಳದಿ, ಪುಂಡಿ ನಾರಿನ ಬ್ರಷ್ಷು. ಸ್ಕೇಲ್ ಇಲ್ಲ ಪೆನ್ಸಿಲ್ ಗುರುತಿಲ್ಲ, ಆದ್ರೂ ಎಳೆ ಅಂದ್ರೆ ಎಳೆ, ನೂಲು ಹಿಡಿದ ಹಾಗೆ. ಬರೆಯೋ ಹೆಂಗಸಿಗೆ ಚಿತ್ತಾರಗಿತ್ತಿ ಅಂತಾರೆ. ಈಗ ಬೆಂಗಳೂರಿನ ಕೆಫೆ ಗೋಡೆಗಳಿಗೂ ಬಂದಿದೆ, ಅಕ್ರಿಲಿಕ್ ಪೇಂಟಲ್ಲಿ, ಅದು ಬೇರೆ ಮಾತು.

ಮೊದಲು ಮಾಡಿದ್ದು ಜೂನ್‌ನಲ್ಲಿ ರೆಕ್ಕಿ. ಜೂನ್‌ನಲ್ಲಿ ಮಲೆನಾಡಲ್ಲಿ ರೆಕ್ಕಿ ಮಾಡೋರು ಪೆದ್ದರು, ಗೊತ್ತಿದ್ದೂ ಹೋದೆ. ಶರಾವತಿ ಹಿನ್ನೀರಿನ ಆಚೆ ತುಮರಿ ಕಡೆ ಒಂದು ಊರು, ಆಗಿನ್ನೂ ಸೇತುವೆ ಆಗಿರ್ಲಿಲ್ಲ, ಅದರ ಮೇಲೆ ಓಡಾಟ ಶುರುವಾಗಿದ್ದು 2025ರ ಜುಲೈನಲ್ಲಿ, ಹಾಗಾಗಿ ಹೊಳೆಬಾಗಿಲಲ್ಲಿ ಲಾಂಚ್‌ಗೆ ಕಾದು ಕಾರು ಹತ್ತಿಸಿ ಆಚೆ ದಡಕ್ಕೆ ಹೋಗ್ಬೇಕು, ಸಂಜೆ ಕೊನೆ ಲಾಂಚ್ ತಪ್ಪಿದ್ರೆ ಅಲ್ಲೇ ಯಾರ ಮನೆ ಜಗಲಿನಾದ್ರೂ ಹುಡುಕ್ಬೇಕು. ಎರಡು ಸಲ ತಪ್ಪಿತು. ಒಂದು ಸಲ ತಪ್ಪಿದಾಗ ಉಳಿದಿದ್ದು ಒಬ್ಬ ಚಿತ್ತಾರಗಿತ್ತಿ ಅಜ್ಜಿ ಮನೇಲಿ, ಆಮೇಲೆ ಸಿನಿಮಾ ಆಗಿದ್ದು ಇವರ ಮೇಲೇ. ಕಾಲಲ್ಲಿ ನಾಲ್ಕು ಉಂಬಳ, ಅಂದ್ರೆ ಜಿಗಣೆ, ಕಚ್ಚಿಸ್ಕೊಂಡು ಬಂದ ನನ್ನನ್ನ ಬೆಂಕಿ ಕಾಯಿಸೋ ಹೊಡಸಲು ಹತ್ರ ಕೂರಿಸಿ ಅವಕ್ಕೆ ಸುಣ್ಣ ಹಚ್ಚಿ, ಕಷಾಯ ಕೊಟ್ಟು, "ಈ ಮಳೇಲಿ ಫೋಟ ತೆಗಿಯಕೆ ಬಂದಿಯಲೆ, ಮನೇಲಿ ಯಾರೂ ಬೈಯಲ್ವ ತಂಗಿ" ಅಂದ್ರು. ನಾನು ಲಿಸ್ಟಲ್ಲಿ ಇನ್ನೂ ಆರು ಜನ ಚಿತ್ತಾರಗಿತ್ತಿಯರ ಹೆಸರು ಬರ್ಕೊಂಡು ಹೋಗಿದ್ದೆ, ಪ್ರಶಸ್ತಿ ಬಂದೋರು, ಟಿವಿಯಲ್ಲಿ ಬಂದೋರು. ಆ ಲಿಸ್ಟ್ ಅಲ್ಲಿಗೆ ಮುಗೀತು.

ಅಜ್ಜಿಗೆ 72. ಲಿಂಗನಮಕ್ಕಿ ಕಟ್ಟೆ ಆದಾಗ, 1964ರಲ್ಲಿ, ಹನ್ನೆರಡು ವರ್ಷ. ಹುಟ್ಟಿದ ಮನೆ ನೀರಲ್ಲಿ ಹೋಯ್ತು. "ನಮ್ಮವ್ವ ಬರ್ದ ಗ್ವಾಡೆ ಅಲ್ಲೇ ಕೆಳಗೈತೆ" ಅಂತ ಹಿನ್ನೀರಿನ ಕಡೆ ಗದ್ದ ತೋರ್ಸಿದ್ರು, ಪಕ್ಕದ ಮನೆ ದನ ಎಲ್ಲಿ ಹೋಗಿದೆ ಅಂತ ತೋರ್ಸೋ ಹಾಗೆ. ನಾನು ಅದನ್ನ ಶೂಟಿಂಗ್ ದಿನ ಮತ್ತೆ ಹೇಳಿಸ್ಬೇಕು ಅಂತ ಎಷ್ಟು ಪ್ರಯತ್ನಪಟ್ಟೆ ಗೊತ್ತಾ, ಕ್ಯಾಮೆರಾ ಮುಂದೆ ಹೇಳಲೇ ಇಲ್ಲ. "ಹೇಳಾತಲ ಒಂದ್ಸಲ."

ಸೆಪ್ಟೆಂಬರ್‌ನಲ್ಲಿ ಕಲಾವಿದೆ ಬಂದಳು. ಕ್ರಾಕೋವ್ ಊರಿನೋಳು, ಮೂವತ್ತೈದರ ಆಸುಪಾಸು, ಎತ್ತರ, ಮಲೆನಾಡಿನ ಬಾಗಿಲುಗಳಿಗೆಲ್ಲ ಮೊದಲ ವಾರದಲ್ಲೇ ಹಣೆ ಬಡಿಸ್ಕೊಂಡಳು. ಶಿವಮೊಗ್ಗದಿಂದ ಕರ್ಕೊಂಡು ಬರ್ತಾ ಹೆಗ್ಗೋಡಲ್ಲಿ ಇಳಿಸಿ ನೀನಾಸಂ ತೋರ್ಸಿದೆ, 1949ರಿಂದ ಇದೆ, ಸುಬ್ಬಣ್ಣನವರು ಈ ಅಡಿಕೆ ತೋಟದ ಮಧ್ಯೆ ಶೇಕ್ಸ್‌ಪಿಯರು ಬ್ರೆಕ್ಟು ಎಲ್ಲ ಕನ್ನಡದಲ್ಲಿ ಆಡಿಸಿದ್ರು, ಹಳ್ಳಿ ಜನ ಕೂತು ಹೊರದೇಶದ ಸಿನಿಮಾ ನೋಡಿದಾರೆ ಅಂತ ಹೇಳಿದ್ರೆ ಅವಳಿಗೆ ಆಶ್ಚರ್ಯ. ನನಗೆ ಒಳಗೊಳಗೇ ಖುಷಿ, ನೋಡು ನಮಗೇನೂ ವಿನಿಮಯ ಹೊಸದಲ್ಲ ಅನ್ನೋ ಜಂಬ. ಆ ಜಂಬ ಒಂದು ವಾರ ಬಾಳಿಕೆ ಬಂತು.

ವಿದೇಶದೋರು ಯಾರ ಮನೇಲಿ ಉಳಿದ್ರೂ ಆ ಮನೆಯೋರು 24 ಗಂಟೆ ಒಳಗೆ ಫಾರಂ ಸಿ ಅಂತ ಆನ್‌ಲೈನಲ್ಲಿ ತುಂಬ್ಬೇಕಿತ್ತು ಆಗ. ಈ ಊರುಗಳೋ, ನೆಟ್‌ವರ್ಕ್ ಇಲ್ಲದಿದ್ರೆ ವೋಟೂ ಇಲ್ಲ ಅಂತ ಹೋರಾಟ ಮಾಡಿದ ಸೀಮೆ. ಅಜ್ಜಿ ಸೊಸೆ ಫೋನ್ ಹಿಡ್ಕೊಂಡು ಗುಡ್ಡ ಹತ್ತಿ, ಒಂದು ಹೊನ್ನೆ ಮರದ ಬುಡದಲ್ಲಿ ಎರಡು ಕಡ್ಡಿ ಸಿಗ್ನಲ್ ಸಿಕ್ತು, ಅಲ್ಲಿ ನಿಂತು ಪಾಸ್‌ಪೋರ್ಟ್ ಫೋಟೋ ಅಪ್‌ಲೋಡ್ ಮಾಡಿದ್ವಿ. ಆ ಮರಕ್ಕೆ ನಾವು 'ಆಫೀಸ್' ಅಂತ ಹೆಸರಿಟ್ವಿ.

ಆಮೇಲೆ ಕನ್ಸೆಂಟ್ ಫಾರಂ. ಇದನ್ನ ಸ್ವಲ್ಪ ನಿಧಾನಕ್ಕೆ ಹೇಳ್ಬೇಕು.

ಸಂಸ್ಥೆಯೋರು ಇಂಗ್ಲಿಷಲ್ಲಿ ಎರಡು ಪೇಜ್ ಕಳ್ಸಿದ್ರು, ಸಹಿ ಹಾಕಿಸ್ಕೊಂಡು ಸ್ಕ್ಯಾನ್ ಕಳ್ಸಿ ಅಂತ. ಎಲ್ಲ ಶೂಟಿಂಗಲ್ಲೂ ನಾನು ಅದನ್ನೇ ಮಾಡೋದು, ನಿಜ ಹೇಳ್ಬೇಕಂದ್ರೆ ಯಾವತ್ತೂ ಪೂರ್ತಿ ಓದಿರ್ಲಿಲ್ಲ. ಈ ಸಲ ಅಜ್ಜಿ "ಓದಿ ಹೇಳು" ಅಂತ ಕೂತ್ರು. ಸರಿ ಅಂತ ಒಂದೊಂದೇ ಸಾಲು ಕನ್ನಡ ಮಾಡ್ತಾ ಹೋದೆ. ಜಗತ್ತಿನ ಎಲ್ಲ ಕಡೆ, ಈಗ ಇರೋ ಮತ್ತೆ ಮುಂದೆ ಕಂಡುಹಿಡಿಯೋ ಎಲ್ಲ ಮಾಧ್ಯಮದಲ್ಲಿ, ಶಾಶ್ವತವಾಗಿ.

"ಶಾಶ್ವತ ಅಂದ್ರೆ ಎಷ್ಟ್ ವರ್ಷ?"

"ಎಂದೆಂದಿಗೂ ಅಜ್ಜಿ."

"ನಾನ್ ಸತ್ತ ಮೇಲೂ?"

"ಹೂಂ."

"ನಂಗೆಂತ ಕೊಡ್ತಾರೆ ಅದ್ಕೆ?"

ಎರಡೂ ಪೇಜ್ ತಿರುಗಿಸಿ ನೋಡಿದೆ. ಏನೂ ಬರೆದಿರ್ಲಿಲ್ಲ. ಅಜ್ಜಿ ಅಡಿಕೆ ಕತ್ತರಿಸ್ತಾ ತಲೆ ಎತ್ತದೇ ಅಂದ್ರು, "ತಗಳ ಕೊಳಗ ಒಂದು, ಕೊಡ ಕೊಳಗ ಒಂದು. ನಮ್ಮಪ್ಪನ ಕಾಲದ್ದು ಹೋತು ಅಂದ್ಕಂಡಿದ್ದೆ."

ಇದು ಸಾಗರದ ಕಡೆಯವರಿಗೆ ವಿವರಿಸ್ಬೇಕಿಲ್ಲ, ಬೇರೆಯವರಿಗೆ ಹೇಳ್ತೀನಿ. ಕೊಳಗ ಅಂದ್ರೆ ಭತ್ತ ಅಳೆಯೋ ಪಾತ್ರೆ. 1951ರ ಕಾಗೋಡು ಸತ್ಯಾಗ್ರಹ ಶುರುವಾಗಿದ್ದೇ ಕೊಳಗದಿಂದ. ಗೇಣಿ ಭತ್ತ ಅಳೆಯೋವಾಗ ಒಡೆಯರು ದೊಡ್ಡ ಕೊಳಗ ಹಿಡೀತಿದ್ರು, ನ್ಯಾಯವಾದ ಕೊಳಗದಲ್ಲಿ ಅಳೀರಿ ಅಂತ ದೀವರ ಗೇಣಿದಾರರು ಎದ್ದು ನಿಂತ್ರು, ಗಣಪತಿಯಪ್ಪನವರು ಮುಂದೆ ನಿಂತಿದ್ರು, ಶಾಂತವೇರಿ ಗೋಪಾಲಗೌಡರು ಸಮಾಜವಾದಿಗಳು ಎಲ್ಲ ಸೇರಿದ್ರು, ಲೋಹಿಯಾ ಬಂದು ಅರೆಸ್ಟ್ ಆದ್ರು. ಇತಿಹಾಸದ ಪುಸ್ತಕದಲ್ಲಿ ಒಂದು ಪ್ಯಾರಾ ಇರುತ್ತೆ. ಆದ್ರೆ ನಾನು ಅಜ್ಜಿಗೆ ಹೇಳದೇ ಇದ್ದಿದ್ದು ಏನಂದ್ರೆ ನಮ್ಮದು ಗೇಣಿ ತಗೋತಿದ್ದ ಮನೆ. ನಮ್ಮ ಅಜ್ಜನ ಮನೇಲಿ ಹಿತ್ತಾಳೆ ಪಟ್ಟಿ ಹೊಡೆದ ಕೊಳಗ ಒಂದು ಇವತ್ತಿಗೂ ಇದೆ, ಟಿವಿ ಪಕ್ಕ ಇಟ್ಟು ಪ್ಲಾಸ್ಟಿಕ್ ಹೂ ಸಿಕ್ಕಿಸಿದಾರೆ. ಚಿಕ್ಕವಳಿದ್ದಾಗಿಂದ ನೋಡಿದೀನಿ, ಚೆಂದ ಅನ್ಕೊಂಡಿದ್ದೆ. ಅದು ಯಾವ ಕೊಳಗ, ತಗೊಳ್ಳೋದೋ ಕೊಡೋದೋ, ಕೇಳೋಕೆ ಈಗ ಮನೇಲಿ ಯಾರೂ ಇಲ್ಲ.

ಫಾರಂ ಹರಿದು ಹಾಕ್ಲಿಲ್ಲ, ಸಿನಿಮಾದಲ್ಲಾಗಿದ್ರೆ ಹರೀತಿದ್ದೆ. ಮಡಚಿ ಬ್ಯಾಗಲ್ಲಿಟ್ಟು ಆ ರಾತ್ರಿ ಕೂತು ಕನ್ನಡದಲ್ಲಿ ಒಂದೇ ಪೇಜಿಂದು ಬರೆದೆ. ಐದು ವರ್ಷ. ಶೂಟಿಂಗ್ ದಿನಕ್ಕೆ 1,500 ರೂಪಾಯಿ, ಚಿತ್ತಾರ ಬರೆದುಕೊಡೋ ಬುಟ್ಟಿಗೆ ಬೇರೆ ದುಡ್ಡು. ಹೆಸರು ಹಾಕೋದು. ಮುಗಿದ ಮೇಲೆ ಮೊದಲು ಅವರಿಗೆ ತೋರ್ಸೋದು, ಬೇಡ ಅಂದ ಭಾಗ ತೆಗೆಯೋದು. ಸಂಸ್ಥೆಯೋರು ಮೂರು ವಾರ ಮೇಲ್ ಮೇಲೆ ಮೇಲ್, ನಮ್ಮ ಫಾರ್ಮ್ಯಾಟ್ ಇದಲ್ಲ, ಸಂಭಾವನೆ ಕೊಟ್ರೆ 'ಅಥೆಂಟಿಕ್' ಆಗಿರಲ್ಲ ಅಂತ. ಕಲಾವಿದೆಗೆ ಲಕ್ಷದ ಲೆಕ್ಕದಲ್ಲಿ ಗೌರವಧನ ಇತ್ತು, ಅದು ಅಥೆಂಟಿಕ್ಕೇ ಆಗಿತ್ತು ಅನ್ಸುತ್ತೆ. ಕೊನೆಗೆ ಅಜ್ಜಿ ದುಡ್ಡನ್ನ ನನ್ನ ಬಜೆಟ್ಟಿನ 'ಸಾರಿಗೆ' ಖಾತೆಯಿಂದ ಕೊಟ್ಟೆ. ತಡವಾಗೇ ಕೊಟ್ಟೆ, ಅದೂ ಹೇಳ್ಬೇಕಲ್ಲ, ಎರಡು ತಿಂಗಳು ತಡ.

ಶೂಟಿಂಗ್ ಶುರುವಾಯ್ತು. ತಾಂತ್ರಿಕ ವಿಚಾರ ಬೇಕಾದೋರಿಗೆ ಮಾತ್ರ ಇದು: ಒಂದು ಕ್ಯಾಮೆರಾ, ಎರಡು ಲೆನ್ಸು, ಒಂದು ರೆಕಾರ್ಡರು, ಎರಡು ಕಾಲರ್ ಮೈಕು. ಮನೆ ಬಲ್ಬಿನ ಫ್ಲಿಕರ್ ಬರದ ಹಾಗೆ ಸೆಕೆಂಡಿಗೆ 25 ಫ್ರೇಮು, ಶಟರ್ 50. ಲೆನ್ಸಿಗೆ ಬೂಸ್ಟು ಬರದ ಹಾಗೆ ಸಿಲಿಕಾ ಜೆಲ್ ಪೊಟ್ಟಣ ಹಾಕಿದ ಪ್ಲಾಸ್ಟಿಕ್ ಡಬ್ಬದಲ್ಲಿಡ್ಬೇಕು, ನಾನು ಪ್ರತಿ ರಾತ್ರಿ ಡಬ್ಬ ಮುಚ್ಚೋದು ನೋಡಿ ಅಜ್ಜಿ ಮೊಮ್ಮಗಳು ಅದಕ್ಕೆ ಹಪ್ಪಳದ ಡಬ್ಬ ಅಂತಿದ್ಲು. ಇನ್ನು ಕಾಲರ್ ಮೈಕ್, ಅಜ್ಜಿ ಸೀರೆಗೆ ಸಿಕ್ಕಿಸಿದ್ರೆ ಬಳೆ ಸದ್ದು ಒಂದು ಕಡೆ ಕವಳ, ಅಂದ್ರೆ ಎಲೆ ಅಡಿಕೆ, ಜಗಿಯೋ ಸದ್ದು ಒಂದು ಕಡೆ, ಮಾತು ಎಲ್ಲೋ ಹಿಂದೆ. ಕವಳ ಬಿಟ್ಟು ಮಾತಾಡಿ ಅಂದ್ರೆ ಮಾತೇ ಬರ್ತಿರ್ಲಿಲ್ಲ. ಹಾಗಾಗಿ ಕವಳದ ಜೊತೆಗೇ ರೆಕಾರ್ಡ್ ಮಾಡಿದ್ದು.

ಮದುವೆ ಸೀಸನ್ ಅಲ್ಲ ಅಂತ ಗೋಡೆ ಚಿತ್ತಾರ ಇಲ್ಲ, ಭೂಮಿ ಹುಣ್ಣಿಮೆ ಹತ್ರ ಬರ್ತಿತ್ತು, ಹಾಗಾಗಿ ಭೂಮಣ್ಣಿ ಬುಟ್ಟಿ. ಹೊಡೆ ಕಟ್ಟಿದ ಭತ್ತ ಅಂದ್ರೆ ಬಸುರಿ, ಬಸುರಿ ಭೂಮಿಗೆ ಸೀಮಂತ ಮಾಡೋ ಹಬ್ಬ ಅದು, ಬುಟ್ಟಿಗೆ ಕೆಮ್ಮಣ್ಣು ಬಳಿದು ಬಿಳಿ ಎಳೆ ಬರೆದು ಅದರಲ್ಲಿ ಬಯಕೆ ಊಟ ಹೊತ್ಕೊಂಡು ನಸುಕಲ್ಲಿ ಗದ್ದೆಗೆ ಹೋಗ್ತಾರೆ. ಕಲಾವಿದೆ ಅಜ್ಜಿ ಪಕ್ಕ ಕೂತು ಕಲಿಯೋದು, ನಾನು ಮಧ್ಯೆ ಕೂತು ಇಂಗ್ಲಿಷಿಂದ ಕನ್ನಡ ಕನ್ನಡದಿಂದ ಇಂಗ್ಲಿಷ್, ಜೊತೆಗೆ ಫೋಕಸ್ಸು.

ಮೊದಲ ವಾರದ ಫುಟೇಜ್ ನೋಡಿದ್ರೆ ಈಗಲೂ ಬೇಜಾರಾಗುತ್ತೆ. ಕಲಾವಿದೆ ಪ್ರಶ್ನೆ ಕೇಳ್ತಾಳೆ, ಅಜ್ಜಿ ಉತ್ತರ ಕೊಡ್ತಾರೆ. ಇದರ ಅರ್ಥ ಏನು, ಈ ನಿಲಿ ಅಂದ್ರೆ ಏನು, ಈ ಜೋಗಿಜಡೆ ಯಾಕೆ, ಅವೆಲ್ಲ ಚಿತ್ತಾರದ ವಿನ್ಯಾಸಗಳ ಹೆಸರು. ಎಲ್ಲ ಒಂದೇ ದಿಕ್ಕಲ್ಲಿ ಹೋಗೋದು, ಅಜ್ಜಿಯಿಂದ ನೋಟ್‌ಬುಕ್ಕಿಗೆ. ಅವಳದ್ದು ತಪ್ಪು ಅಂತಲ್ಲ, ಪ್ರಾಮಾಣಿಕವಾಗಿ ಕಲೀತಿದ್ಲು, ದಿನಕ್ಕೆ ಎಂಟು ಗಂಟೆ ಕೂತು ಬೆನ್ನು ಹಿಡ್ಕೊಂಡ್ರೂ ಏಳ್ತಿರ್ಲಿಲ್ಲ. ಆದ್ರೆ ನನ್ನ ಫ್ರೇಮಲ್ಲಿ ಅದು ಇಂಟರ್‌ವ್ಯೂ ಥರ ಕಾಣ್ತಿತ್ತು, ವಿನಿಮಯ ಅಂತ ಯಾವ ಬಾಯಲ್ಲಿ ಹೇಳೋದು. ಅಜ್ಜಿನೂ ಸುಸ್ತಾಗಿ "ಎಲ್ಲದ್ಕೂ ಅರ್ಥ ಎಂತಕೆ ಕೇಳ್ತಾಳೆ, ಅವ್ಳ ಮೂಗಿಗೆ ಎಂತ ಅರ್ಥ" ಅಂದ್ರು. ಅದನ್ನ ನಾನು ಟ್ರಾನ್ಸ್‌ಲೇಟ್ ಮಾಡ್ಲಿಲ್ಲ.

ಎಂಟನೇ ದಿನ ಇರ್ಬೇಕು. ಜೋರು ಮಳೆ, ಕರೆಂಟಿಲ್ಲ, ಎಲ್ಲರೂ ಒಲೆ ಮುಂದೆ. ನಾನು ಹೊರಗಿನ ತಣ್ಣಗಿನ ಜಗಲಿಯಿಂದ ಕ್ಯಾಮೆರಾ ಒಳಗೆ ತಂದೆ, ಅಡಿಗೆಮನೆ ಬಿಸಿಗೂ ಹಬೆಗೂ ಲೆನ್ಸ್ ಪೂರ್ತಿ ಮಂಜು ಕಟ್ಟಿತು, ಒರೆಸಿದ್ರೆ ಮತ್ತೆ ಕಟ್ಟುತ್ತೆ. ಬಿಸಿಯಾಗೋವರೆಗೂ ಕಾಯ್ಬೇಕು. ಸರಿ, ರೋಲ್ ಆಗ್ತಿರ್ಲಿ ಅಂತ ಬಿಟ್ಟೆ, ರೆಕಾರ್ಡರೂ ಆನ್ ಇತ್ತು. ಕಲಾವಿದೆ ಕೇಳಿದ್ಲು, ಅಜ್ಜಿ ದಿನಾ ಒಂದು ಪದ ಹೇಳ್ತಾರಲ್ಲ, ಬರಿ ಬರಿ ಅಂತ, ನನಗೆ ಕಲಿಸೋವಾಗೆಲ್ಲ, ಅದೇನು. ನಾನು ಇಷ್ಟು ದಿನ ಅದನ್ನ ಚಿತ್ರ ಬಿಡಿಸು ಅನ್ನೋ ಇಂಗ್ಲಿಷ್ ಪದಕ್ಕೆ ತಿರುಗಿಸ್ತಿದ್ದೆ, ಯೋಚನೆನೇ ಮಾಡಿರ್ಲಿಲ್ಲ. ಆಗ ಹೇಳಿದೆ, ನಾವು ಚಿತ್ತಾರ ಬಿಡಿಸೋದು ಅನ್ನಲ್ಲ, ಬರೆಯೋದು ಅಂತೀವಿ, ಕಾಗದ ಬರೆಯೋದು ಹಣೆಬರಹ ಬರೆಯೋದು ಎಲ್ಲದಕ್ಕೂ ಅದೇ ಪದ, ಅಜ್ಜಿಗೆ ಓದೋಕೆ ಬರಲ್ಲ ಆದ್ರೆ ಬರೀತಾರೆ.

ಅವಳು ಎದ್ದು ನಿಂತುಬಿಟ್ಲು. ಮೇಲಿನ ಅಟ್ಟದ ತೊಲೆಗೆ ತಲೆ ಬಡೀತು, ಆ ಸದ್ದೂ ರೆಕಾರ್ಡ್ ಆಗಿದೆ. ತಲೆ ಉಜ್ಜಿಕೊಳ್ತಾ ಅಜ್ಜಿ ಕಡೆ ತಿರುಗಿ ನೇರ ಅವರಿಗೇ ಹೇಳೋಕೆ ಶುರು ಮಾಡಿದ್ಲು, ಕೈಯಲ್ಲಿ ಮೊಟ್ಟೆ ಆಕಾರ ತೋರಿಸಿ, "ಪಿಸಾಚ್, ಪಿಸಾಚ್!"

ಅಜ್ಜಿ ಕವಳ ಜಗಿಯೋದು ನಿಲ್ಲಿಸಿದ್ರು. "ಯಾರಿಗೆ ಪಿಶಾಚಿ ಅಂತಿದ್ದಾಳೆ ಇವ್ಳು?"

ನಗು ನಿಲ್ಲೋಕೆ ಐದು ನಿಮಿಷ ಬೇಕಾಯ್ತು. ವಿಷಯ ಏನಂದ್ರೆ ಪೋಲಿಶ್ ಭಾಷೆಯಲ್ಲಿ ಬರೆಯೋದಕ್ಕೆ ಪಿಸಾಚ್ ಅಂತಾರೆ. ಈಸ್ಟರ್ ಹಬ್ಬಕ್ಕೆ ಅವರು ಮೊಟ್ಟೆ ಮೇಲೆ ಜೇನುಮೇಣದಲ್ಲಿ ಚಿತ್ತಾರ ಮಾಡಿ ಬಣ್ಣಕ್ಕೆ ಅದ್ದುತ್ತಾರೆ, ಮೇಣ ಇದ್ದ ಕಡೆ ಬಣ್ಣ ಹಿಡಿಯಲ್ಲ, ಆ ಮೊಟ್ಟೆಗೆ ಪಿಸಾಂಕಿ ಅಂತ ಹೆಸರು, ಅಂದ್ರೆ ಬರೆದದ್ದು. ಹಳೇ ಪೋಲಿಶಲ್ಲಿ ಆ ಪದಕ್ಕೆ ಎರಡೂ ಅರ್ಥ ಇತ್ತಂತೆ, ಈಗ ಬರವಣಿಗೆ ಮಾತ್ರ ಉಳಿದಿದೆ, ಮೊಟ್ಟೆಯಲ್ಲಿ ಮಾತ್ರ ಹಳೇದು ಸಿಕ್ಕಿಹಾಕ್ಕೊಂಡಿದೆ. ಅವಳ ಅಜ್ಜಿ ಮೊಟ್ಟೆ ಬರೀತಿದ್ದಳಂತೆ. ಇದನ್ನ ನಾನು ಕನ್ನಡದಲ್ಲಿ ಹೇಳಿದಾಗ ಅಜ್ಜಿ ಮೊದಲ ಸಲ ಅವಳಿಗೆ ಪ್ರಶ್ನೆ ಕೇಳಿದ್ರು. "ಮೇಣ ಯಾವ ಜೇನಿಂದು? ಹಬ್ಬ ಎಂದು? ಅಕ್ಕಿ ಬೆಳಿತಾರ ಅಲ್ಲಿ? ಗ್ವಾಡೆಗೆ ಬರಿಯಲ್ವ?" ಗೋಡೆಗೂ ಬರೀತಾರಂತೆ. ದಕ್ಷಿಣ ಪೋಲೆಂಡಲ್ಲಿ ಝಾಲಿಪಿಯೆ ಅಂತ ಒಂದು ಹಳ್ಳಿ, ಒಲೆ ಹೊಗೆಗೆ ಕಪ್ಪಾದ ಗೋಡೆ ಮುಚ್ಚೋಕೆ ಹೆಂಗಸರು ಸುಣ್ಣದ ಬೊಟ್ಟು ಇಡ್ತಾ ಇಡ್ತಾ ಹೂ ಬರೆಯೋಕೆ ಶುರು ಮಾಡಿದ್ರು, ಈಗ ಇಡೀ ಊರೇ ಹೂವು, ನಾಯಿಗೂಡು ಬಾವಿಕಟ್ಟೆ ಸಮೇತ, 1948ರಿಂದ ಅಲ್ಲಿ ಮನೆಗಳ ಸ್ಪರ್ಧೆ ನಡೆಯುತ್ತೆ. ಅಜ್ಜಿ ತಮ್ಮ ಅಡಿಗೆಮನೆ ಮಸಿಗೋಡೆ ಒಂದ್ಸಲ ನೋಡಿ, "ಹೊಗೆ ಎಲ್ಲ ಕಡೆಗೂ ಒಂದೇಯ" ಅಂದ್ರು.

ಇಷ್ಟೂ ಮಂಜು ಕಟ್ಟಿದ ಲೆನ್ಸಲ್ಲಿ. ಎರಡು ಬಿಳಿ ಆಕಾರ, ನಡುವೆ ಒಲೆಯ ಕೆಂಪು, ಅಷ್ಟೇ. ಆ ರಾತ್ರಿ ತಲೆ ಚಚ್ಕೊಂಡೆ. ಆಮೇಲೆ ಸಿನಿಮಾದಲ್ಲಿ ಆ ಶಾಟನ್ನೇ ಮೂರೂವರೆ ನಿಮಿಷ ಇಟ್ಟಿದೀನಿ, ಒಂದು ಪ್ರದರ್ಶನದಲ್ಲಿ ಒಬ್ರು ಎದ್ದು ಆ ಅಸ್ಪಷ್ಟತೆಯ ಸೌಂದರ್ಯಪ್ರಜ್ಞೆ ಬಗ್ಗೆ ಮಾತಾಡಿದ್ರು, ನಾನು ಗಂಭೀರವಾಗಿ ತಲೆ ಆಡಿಸಿದೆ.

ಮರುದಿನ ತುಡುವೆ ಜೇನಿನ ಮೇಣ ಪಕ್ಕದ ಮನೆಯಿಂದ ಬಂತು, ನಾಟಿ ಕೋಳಿ ಮೊಟ್ಟೆ ಮನೇದೇ. ಗುಂಡುಸೂಜಿ ಕಡ್ಡಿಗೆ ಚುಚ್ಚಿ, ದೀಪದ ಮೇಲೆ ಮೇಣ ಕರಗಿಸಿ, ಸೂಜಿ ತಲೆಯಲ್ಲಿ ತಗೊಂಡು ಮೊಟ್ಟೆಗೆ ಒಂದೊಂದು ಗೀಟು. ಬಣ್ಣಕ್ಕೆ ಈರುಳ್ಳಿ ಸಿಪ್ಪೆ ಕುದಿಸಿದ ನೀರು, ಬಂದಿದ್ದು ಸರಿಯಾಗಿ ಕೆಮ್ಮಣ್ಣಿನ ಬಣ್ಣವೇ. ಮೊದಲೇ ತೂತು ಮಾಡಿ ಊದಿ ಒಳಗಿನದು ತೆಗೀಬೇಕಿತ್ತು, ಅದನ್ನ ಹೊರಗೆ ಚೆಲ್ಲೋಕೆ ಹೊರಟಾಗ ಸೊಸೆ ಪಾತ್ರೆ ಹಿಡಿದ್ರು, ಆವತ್ತು ಎಲ್ಲರಿಗೂ ಆಮ್ಲೆಟ್. ಅಜ್ಜಿ ಪುಂಡಿ ನಾರಲ್ಲಿ ಮೊಟ್ಟೆ ಮೇಲೆ ಅಕ್ಕಿ ಹಿಟ್ಟಿನ ಎಳೆ ಎಳೆಯೋಕೆ ನೋಡಿದ್ರು, 50 ವರ್ಷದ ಕೈ, ಮೊದಲ ಎರಡು ಎಳೆ ಜಾರಿಹೋಯ್ತು. "ಗ್ವಾಡೆ ಕೂತಿರ್ತದೆ, ಇದು ಓಡ್ತದಲ" ಅಂತ ಮೂರನೇದು ತೊಡೆ ಮಧ್ಯೆ ಇಟ್ಕೊಂಡು ಬರೆದ್ರು. ಕಲಾವಿದೆ ಪಕ್ಕದಲ್ಲಿ ಕೂತು ಅವರ ಕೈ ಹಿಡಿದು ತಿರುಗಿಸೋದು ಹೇಳಿಕೊಡ್ತಿದ್ಲು. ನಾನು ಟ್ರಾನ್ಸ್‌ಲೇಟ್ ಮಾಡೋದು ನಿಲ್ಲಿಸಿ ಒಂದೂವರೆ ಗಂಟೆ ಬರೀ ಶೂಟ್ ಮಾಡಿದೆ, ಯಾರೂ ನನ್ನನ್ನ ಕರೀಲಿಲ್ಲ.

ಹುಣ್ಣಿಮೆ ದಿನದ್ದು ಚುಟುಕಾಗಿ ಹೇಳ್ತೀನಿ, ಅದು ಸಿನಿಮಾದಲ್ಲಿ ಚೆನ್ನಾಗಿ ಬಂದಿದೆ. ರಾತ್ರಿಯಿಡೀ ಅಡಿಗೆ, ಕೊಟ್ಟೆ ಕಡುಬು, ಹತ್ತಾರು ಸೊಪ್ಪು ಬೇಯಿಸಿದ ಹಚ್ಚಂಬಲಿ. ನಸುಕಲ್ಲಿ ದೊಂದಿ ಹಿಡಿದು ಬುಟ್ಟಿ ಹೊತ್ತು ಗದ್ದೆ ಬದು ಮೇಲೆ ನಡಿಗೆ, "ಹಚ್ಚಂಬ್ಲಿ ಹಾಲಂಬ್ಲಿ" ಅಂತ ಬೀರೋದು. ಬರೀ ದೊಂದಿ ಬೆಳಕಲ್ಲಿ ಐಎಸ್‌ಒ ಎಷ್ಟು ಏರಿಸಿದೆ ಅಂತ ಹೇಳಿದ್ರೆ ಕ್ಯಾಮೆರಾದೋರು ಬೈತಾರೆ. ಬದು ಜಾರಿ ನಾನು ಮೊಣಕಾಲವರೆಗೆ ಗದ್ದೆಯಲ್ಲಿ ಇಳಿದೆ, ಕ್ಯಾಮೆರಾ ಮೇಲೆತ್ತಿ ಹಿಡಿದಿದ್ದೆ, ಆ ಶಾಟಲ್ಲಿ ಬರೀ ಚಂದ್ರ ಇದಾನೆ.

ಡಿಸೆಂಬರ್‌ನಲ್ಲಿ ಬೆಂಗಳೂರಲ್ಲಿ ಪ್ರದರ್ಶನ. ಕೆಮ್ಮಣ್ಣು ಬಳಿದ ದೊಡ್ಡ ದೊಡ್ಡ ಬಟ್ಟೆ ತೂಗುಬಿಟ್ಟು, ನಡುವೆ ಸಣ್ಣ ದಾರದಲ್ಲಿ ಬರೆದ ಮೊಟ್ಟೆಗಳು, ಅವಳವು ಒಂದಿಷ್ಟು ಅಜ್ಜಿಯವು ಒಂದಿಷ್ಟು. ಕೆಲಸ ಚೆನ್ನಾಗಿತ್ತು, ನಿಜವಾಗ್ಲೂ. ಗೋಡೆ ಮೇಲಿನ ಲೇಬಲ್‌ನಲ್ಲಿ ಕಲಾವಿದೆ ಹೆಸರು ದಪ್ಪಕ್ಷರದಲ್ಲಿ, ಕೆಳಗೆ 'ಸ್ಥಳೀಯ ಮಹಿಳೆಯ ಸಹಯೋಗದೊಂದಿಗೆ'. ಅಜ್ಜಿಗೆ ಶಾಲು, ಹಾರ, ಹಣ್ಣಿನ ಬುಟ್ಟಿ, ಫೋಟೋ. ಹಣ್ಣಿನ ಬುಟ್ಟಿ ಪ್ಲಾಸ್ಟಿಕ್‌ದು, ಅದನ್ನ ತಿರುಗಿಸಿ ನೋಡಿ ಅಜ್ಜಿ "ಎಂತ ಬುಟ್ಟಿನಾ ಇದು" ಅಂದಿದ್ದು ನನ್ನ ಹತ್ರ ಇದೆ, ಸಿನಿಮಾದಲ್ಲೂ ಇದೆ. ಲೇಬಲ್ ವಿಷಯ ನಾನು ಹೇಳಿದ ಮೇಲೇ ಕಲಾವಿದೆ ನೋಡಿದ್ದು, ಮುಖ ಕೆಂಪಾಯ್ತು, ಎರಡನೇ ದಿನ ಹೊಸ ಲೇಬಲ್ ಬಂತು. ಆದ್ರೆ ಅಜ್ಜಿ ಬಂದಿದ್ದು ಮೊದಲನೇ ದಿನ.

ಆಮೇಲೆ ಎಡಿಟಿಂಗ್, ಶಿವಮೊಗ್ಗದ ನನ್ನ ರೂಮಲ್ಲಿ, ಮದುವೆ ಕೆಲಸದ ಮಧ್ಯೆ ಮಧ್ಯೆ. 62 ಗಂಟೆ ಫುಟೇಜ್. ಮೊದಲ ಜೋಡಣೆ ನಾಲ್ಕು ಗಂಟೆ ಬಂತು, ಅದರಲ್ಲಿ ನನ್ನದೇ ಧ್ವನಿಯ ನಿರೂಪಣೆ ಬೇರೆ, 'ಜಾಗತಿಕ' 'ದೇಸಿ' 'ಸಂವಾದ' ಅಂತೆಲ್ಲ, ಕೇಳಿ ನಂಗೇ ನಿದ್ದೆ ಬಂತು. ನಿರೂಪಣೆ ಪೂರ್ತಿ ತೆಗೆದೆ. ದೊಡ್ಡ ಕಾಟ ಕೊಟ್ಟಿದ್ದು ಜೀರುಂಡೆ. ಒಂದೇ ಸಮನೆ ಜೀ ಅಂತಿರುತ್ತಲ್ಲ, ಎರಡು ಶಾಟ್ ಜೋಡಿಸಿದ ಕಡೆ ಸ್ವರ ಬದಲಾಗಿ ಕಟ್ ಕಿವಿಗೆ ಹೊಡೆಯುತ್ತೆ. ಪುಣ್ಯಕ್ಕೆ ಪ್ರತಿ ಜಾಗದಲ್ಲೂ ಒಂದೆರಡು ನಿಮಿಷ ಬರೀ ಸದ್ದು ಹಿಡಿದಿದ್ದೆ, ಅದನ್ನ ಅಡಿಗೆ ಹಾಸಿ ತೇಪೆ ಹಚ್ಚಿದೆ. ಕಂಪ್ಯೂಟರ್‌ಗೆ ಮಾತು ಕೇಳಿಸಿ ಅಕ್ಷರ ಮಾಡಿಸೋಣ ಅಂದ್ರೆ ಹಸೆ ಅಂದಲ್ಲೆಲ್ಲ ಹಸು ಅಂತ ಹಾಕಿತು. 'ಹಸು ಬರೆಯುವ ಗೋಡೆ.' ಕೊನೆಗೆ ಸೊಸೆನೇ ಬಂದು ಎರಡು ದಿನ ಕೂತು ಬರೆಸಿದ್ರು, ಅವರ ಹೆಸರೂ ಟೈಟಲ್‌ನಲ್ಲಿದೆ.

ಸಬ್‌ಟೈಟಲ್ ಇನ್ನೊಂದು ಕಥೆ. ಒಂದು ಸಾಲಿಗೆ 42 ಅಕ್ಷರ ದಾಟೋ ಹಾಗಿಲ್ಲ, ಎರಡೇ ಸಾಲು, ಓದೋಕೆ ಟೈಮ್ ಸಿಗ್ಬೇಕು. ಅಜ್ಜಿ ಒಂದು ಉಸಿರಲ್ಲಿ ಹೇಳೋದು ಆರು ಸಾಲು. ಏನೇನೋ ಕಳ್ಕೊಂಡೆ, ಆದ್ರೆ ಒಂದು ಮಾತ್ರ ಬಿಡ್ಲಿಲ್ಲ, ಬರಿ ಅಂದಲ್ಲೆಲ್ಲ ಇಂಗ್ಲಿಷಲ್ಲೂ ಬರವಣಿಗೆಯ ಪದವೇ. ಇಂಗ್ಲಿಷ್ ತಿದ್ದೋಕೆ ಕೊಟ್ಟವರು ಇದು ತಪ್ಪು ಅಂತ ಹದಿನಾಲ್ಕು ಕಡೆ ಬದಲಾಯಿಸಿ ಕಳ್ಸಿದ್ರು. ಹದಿನಾಲ್ಕೂ ವಾಪಸ್ ಹಾಕಿದೆ. ಅವರು ಮತ್ತೆ ಬದಲಾಯಿಸಿದ್ರು. ಫೋನ್ ಮಾಡಿ ಪಿಶಾಚಿ ಕಥೆ ಹೇಳಿದೆ, ಆಮೇಲೆ ಸುಮ್ಮನಾದ್ರು.

ಕೊನೆಗೆ 41 ನಿಮಿಷಕ್ಕೆ ನಿಂತಿತು. ಒಪ್ಪಂದದ ಹಾಗೆ ಮೊದಲು ಅಜ್ಜಿ ಮನೆ ಅಂಗಳದಲ್ಲಿ, ಅಡಿಕೆ ಒಣಗಿಸೋ ಚಪ್ಪರದ ಕೆಳಗೆ ಬಿಳಿ ಪಂಚೆ ಕಟ್ಟಿ ತೋರ್ಸಿದೆ. ಊರಿನೋರು ಕಲಾವಿದೆ ತಲೆ ಬಡಿಸ್ಕೊಳೋ ಸದ್ದಿಗೆ ಅತೀ ಹೆಚ್ಚು ನಕ್ಕರು, ನಂತರದ ಸ್ಥಾನ ನಾನು ಗದ್ದೆಗೆ ಬಿದ್ದಿದ್ದಕ್ಕೆ. ಅಜ್ಜಿ ಪೂರ್ತಿ ನೋಡಿ ತಕರಾರು ಎರಡು ಹೇಳಿದ್ರು. ಒಂದು, ಹಾಡು ಅರ್ಧಕ್ಕೆ ನಿಲ್ಲಿಸಿದೀಯ, ಹಸೆ ಹಾಡು ಅರ್ಧಕ್ಕೆ ನಿಲ್ಲಿಸಬಾರದು. ಎರಡು, ಆ ಬುಟ್ಟಿಯ ಒಂದು ಎಳೆ ಸೊಟ್ಟ ಬಂದಿತ್ತು, ಅದನ್ನೇ ಅಷ್ಟು ಹತ್ರ ತೋರ್ಸಿದೀಯ, ಬೇಕಂತ್ಲೇ ಮಾಡಿದ್ದಾ. ಹಾಡು ಪೂರ್ತಿ ಹಾಕಿದೆ, ಟೈಟಲ್ ಓಡೋವಾಗ. ಸೊಟ್ಟ ಎಳೆ ಶಾಟ್ ತೆಗೆದೆ, ಬೇಡ ಅಂದ್ರೆ ತೆಗೀತೀನಿ ಅಂತ ಬರ್ಕೊಟ್ಟಿದ್ದೆನಲ್ಲ, ಅದು ನನ್ನ ಅತ್ಯಂತ ಇಷ್ಟದ ಶಾಟ್ ಆಗಿತ್ತು, ಈಗಲೂ ಹೊಟ್ಟೆ ಉರಿಯುತ್ತೆ.

ಕೊಳಗದ ವಿಷಯ ಆವತ್ತು ರಾತ್ರಿ ಹೇಳಿದೆ, ನಮ್ಮ ಅಜ್ಜನ ಮನೇದು. ಅಜ್ಜಿಗೆ ಆಶ್ಚರ್ಯ ಏನೂ ಆಗ್ಲಿಲ್ಲ. "ನಿನ್ ಮನೆ ಹೆಸ್ರು ಹೇಳ್ದಾಗ್ಲೇ ಗೊತ್ತಾಗಿತ್ತು ಮಾರಾಯ್ತಿ, ಜೂನಲ್ಲೇ" ಅಂದ್ರು. ಅಂದ್ರೆ ಉಂಬಳಕ್ಕೆ ಸುಣ್ಣ ಹಚ್ಚುವಾಗಲೇ.

2025ರ ಏಪ್ರಿಲ್‌ನಲ್ಲಿ ಮೊಮ್ಮಗಳ ಮದುವೆ. ನಾನು ವಿಡಿಯೋಗೆ ಅಂತ ಅಲ್ಲ, ಕರೆದಿದ್ರು ಅಂತ ಹೋದೆ, ಕ್ಯಾಮೆರಾ ಮಾತ್ರ ಅಭ್ಯಾಸಬಲದಿಂದ ಕಾರಲ್ಲಿತ್ತು. ಅಜ್ಜಿ ಮೂರು ದಿನ ಕೂತು ಹಸೆಗೋಡೆ ಬರೆದಿದ್ರು, ಮೂಲೆಯಲ್ಲಿ ಒಂದು ಕಡೆ ಸಣ್ಣದಾಗಿ ಮೊಟ್ಟೆ ಆಕಾರದ್ದು ಏನೋ ಇತ್ತು, ಕೇಳಿದ್ರೆ ಬಾಸಿಂಗ ಅಂದ್ರು, ಬಾಸಿಂಗ ಹಾಗಿರಲ್ಲ. ಕಲಾವಿದೆಗೆ ಬರೋಕಾಗ್ಲಿಲ್ಲ, ಪಾರ್ಸೆಲ್ ಕಳ್ಸಿದ್ಲು, ಒಂದು ಲಿನನ್ ಮೇಜುಬಟ್ಟೆ, ಹತ್ತಿಯಲ್ಲಿ ಸುತ್ತಿದ ಮೂರು ಮೊಟ್ಟೆ. ಒಂದು ಒಡೆದಿತ್ತು.

ಬಾಗಿಲ ಹತ್ರ ಟೇಬಲ್ ಹಾಕ್ಕೊಂಡು ಹುಡುಗನೊಬ್ಬ ಮುಯ್ಯಿ ಬರೀತಿದ್ದ, ಹೆಸರು, ಊರು, ಎಷ್ಟು. ಅಜ್ಜಿ ಪಾರ್ಸೆಲ್ ತಗೊಂಡು ಹೋಗಿ ಅವನ ಮುಂದೆ ಇಟ್ರು. ಅವನು "ಇದನ್ನ ಎಂತ ಬರಿಯದು ಅಜ್ಜಿ, ಫಾರಿನ್‌ದು" ಅಂದ.

"ಬರಿ, ಪಿಶಾಚಿ, ಪೋಲೆಂಡು. ಬಟ್ಟೆ ಒಂದು, ಮೊಟ್ಟೆ ಮೂರು."

"ಒಡೆದಿದ್ದೂ ಸೇರಿ ಮೂರಾ?"

"ಕಳಿಸಿದ್ದು ಮೂರಲ್ದನ? ಮೂರು ಬರಿ. ನಾಳೆ ಅವ್ಳ ಮನೇಲಿ ಮದುವೆ ಆದ್ರೆ ತಿರುಗ್ಸದಿದೆ."

ನನ್ನ ಸರದಿ ಬಂತು, 1,001 ರೂಪಾಯಿ, ಜೊತೆಗೆ ಸಿನಿಮಾ ಹಾಕಿದ್ದ ಪೆನ್‌ಡ್ರೈವ್. ಹುಡುಗ ಬಗ್ಗಿ ನೋಡಿ ನನ್ನ ಹೆಸರಿನ ಮುಂದೆ ದುಡ್ಡು ಬರ್ಕೊಂಡ, ಆಮೇಲೆ ಒಂದು ಸಲ ಅಜ್ಜಿ ಮುಖ ನೋಡಿ, ಸೇರಿಸಿದ: ಪೆನ್‌ಡ್ರೈವ್ 1.